ಕುಮಟಾ ಹತ್ತಿ, ಅಮ್ಮಿನಬಾವಿ ಉಳ್ಳಾಗಡ್ಡಿ

ಧಾರವಾಡ ಸೀಮೆಯ ಎರಿ ಹೊಲದಲ್ಲಿ ಬೆಳೆದ ಜವಾರಿ ಹತ್ತಿಗೆ ಹತ್ತೊಂಬತ್ತನೆಯ ಶತಮಾನದ ಪೇಟೆಯಲ್ಲಿದ್ದ ಹೆಸರು ‘ಕುಮಟಾ’. ಅಂಡಿಗೆಗಳು ಘಟ್ಟ ಇಳಿದು ಆ ಹೆಸರಿನ ಬಂದರಿನಲ್ಲಿ ಹಡಗು ಹತ್ತುತ್ತಿದ್ದವು, ಅಷ್ಟೇ ಕಾರಣ. ಬೆಳೆದ ಊರು ಹೆಸರಿಗೂ ಬರಲಿಲ್ಲ. ಅಮೆರಿಕದ ಅಂತರ್ಯುದ್ಧದಿಂದ ಲ್ಯಾಂಕಶೈರಿನ ಗಿರಣಿಗಳಿಗೆ ಹತ್ತಿ ಸಾಲದಾದಾಗ, 1862ರಲ್ಲಿ ಉತ್ತರ ಕನ್ನಡವನ್ನೇ ಮದ್ರಾಸಿನಿಂದ ಬಿಡಿಸಿ ಮುಂಬೈ ಪ್ರಾಂತಕ್ಕೆ ಸೇರಿಸಿದರು. ಕಾರವಾರದ ಬಂದರು, ಬಂದರಿಗೆ ಘಟ್ಟದ ರಸ್ತೆ ಎಲ್ಲದರ ಹಿಂದೆ ಇದ್ದದ್ದು ಧಾರವಾಡದ ಹತ್ತಿಯ ಆಸೆ. ಪರರಾಜ್ಯದ ದುರಾಸೆ ಅದು, ಹೊಗಳುವುದಕ್ಕೆ ಹೇಳುತ್ತಿಲ್ಲ. ಆದರೆ ಮಾಲು ಹೊರಗೆ ಹೋಗಲೇಬೇಕೆಂದು ಹಟ ಹಿಡಿದ ಸರಕಾರ ಮೊದಲು ದಾರಿ ಕಡಿಸಿತು.

ಈಗ ನಮ್ಮ ರಾಜ್ಯದಲ್ಲಿ ರಫ್ತಿನ ಹೊಣೆ ಹೊತ್ತಿರುವುದು ವಿಶ್ವೇಶ್ವರಯ್ಯ ವ್ಯಾಪಾರ ಉತ್ತೇಜನ ಕೇಂದ್ರ, ಬಾಯಿಮಾತಿನಲ್ಲಿ ವಿಟಿಪಿಸಿ. ಲಾಭಕ್ಕೆ ಕುಳಿತದ್ದಲ್ಲ, ಸರಕಾರದ ಆಸರೆಯಲ್ಲಿ ಬೆಂಗಳೂರಿನ ಕಸ್ತೂರಬಾ ರಸ್ತೆಯಿಂದ ನಡೆಯುವ ನೋಡಲ್ ಸಂಸ್ಥೆ. ಹೊಸಬರಿಗೆ ತರಬೇತಿ, ವಿದೇಶಿ ಮೇಳಗಳಲ್ಲಿ ಮಳಿಗೆ ಹಾಕಲು ನೆರವು, ರಫ್ತುದಾರರಿಗೆ ಪ್ರಶಸ್ತಿ ಅದರ ಕೆಲಸ. ಹುಬ್ಬಳ್ಳಿಯ ವಾಲ್ವ್ ತಯಾರಕರಿಗೆ, ಬೆಳಗಾವಿಯ ಫೌಂಡ್ರಿಯವರಿಗೆ ಇದು ನಿಜವಾಗಿ ಉಪಯೋಗದ್ದು. ಅವರ ಮಾಲು ಅಳತೆಯದ್ದು, ಕೆಡುವುದಿಲ್ಲ. ಮೇಳದಲ್ಲಿ ಮಾತು ಕುದುರಿದರೆ ಆರು ತಿಂಗಳು ಬಿಟ್ಟು ಕಳಿಸಿದರೂ ನಡೆಯುತ್ತದೆ.

ಅಮ್ಮಿನಬಾವಿಯ ಮಾತು ಬೇರೆ. ಧಾರವಾಡದಿಂದ ಸವದತ್ತಿಗೆ ಹೋಗುವ ದಾರಿಯ ಈ ದೊಡ್ಡ ಊರಿನಲ್ಲಿ ಮಲಪ್ರಭೆಯ ನೀರು ಶುದ್ಧವಾಗಿ ಹುಬ್ಬಳ್ಳಿ-ಧಾರವಾಡ ಅವಳಿ ನಗರಕ್ಕೆ ಹರಿಯುತ್ತದೆ. ಊರಿನ ಬೆಳೆಗೆ ಮಾತ್ರ ಅಂಥ ಕೊಳವೆ ಇಲ್ಲ. ಉಳ್ಳಾಗಡ್ಡಿ ಕಿತ್ತ ಮೇಲೆ ಹೆಣ್ಣುಮಕ್ಕಳು ಹೊಲದಲ್ಲೇ ಕೂತು ತಪ್ಪಲು ಕೊಯ್ದು, ದಪ್ಪದ್ದು ಒಂದು ಕಡೆ, ಸಣ್ಣದ್ದು ಒಂದು ಕಡೆ, ಜೋಡುಗಡ್ಡಿ ಬೇರೆ ಎಂದು ಹಸನು ಮಾಡುತ್ತಾರೆ. ಅವರ ಅಳತೆ ಅಂಗೈ. ಹೊರದೇಶದ ವ್ಯಾಪಾರಿಯದು ಮಿಲಿಮೀಟರ್. ಮುಂಗಾರಿ ಗಡ್ಡಿಯಲ್ಲಿ ತೇವ ಹೆಚ್ಚು, ಬಹಳ ದಿನ ತಾಳುವುದಿಲ್ಲ. ಹಾಗಾಗಿ ಚೀಲ ತುಂಬಿದ ಮರುದಿನವೇ ಅಮರಗೋಳದ ಎಪಿಎಂಸಿಗೆ ಹೊರಡಬೇಕು, ಸವಾಲಿನಲ್ಲಿ ಕೂಗಿದ ದರಕ್ಕೆ ಕೊಟ್ಟು ಬರಬೇಕು.

ಒಮ್ಮೆ ನಮ್ಮ ಕಾಕಾನನ್ನು ರಫ್ತಿನ ಕಾರ್ಯಾಗಾರವೊಂದಕ್ಕೆ ಕರೆದುಕೊಂಡು ಹೋಗಿದ್ದೆ. ಪ್ಯಾನ್ ನಂಬರೇ ರಫ್ತಿನ ಸಂಕೇತ ಸಂಖ್ಯೆಯಾಗುತ್ತದೆ, 500 ರೂಪಾಯಿ ತುಂಬಿದರೆ ಸಾಕು ಎಂದು ಪರದೆಯ ಮೇಲೆ ಚೆನ್ನಾಗಿಯೇ ತೋರಿಸಿದರು. ಕಾಕಾ ಎದ್ದು ನಿಂತು, “ನಂಬರ ಬಂತ್ರಿ ಸಾಹೇಬ್ರ. ನಮ್ಮ ಇಪ್ಪತ್ತ ಚೀಲ ಒಯ್ಯಾವ್ರು ಯಾರು?” ಅಂದ. ಎಲ್ಲರೂ ನಕ್ಕರು. ಊಟಕ್ಕೆ ಹೊತ್ತಾಗಿತ್ತು.

ಒಯ್ಯುವವರು ಸಿಕ್ಕರೂ ದಿಲ್ಲಿ ಬಿಡಬೇಕಲ್ಲ. 2023ರ ಆಗಸ್ಟ್‌ನಲ್ಲಿ ಉಳ್ಳಾಗಡ್ಡಿಗೆ ಶೇ 40 ರಫ್ತು ಸುಂಕ, ಅಕ್ಟೋಬರ್‌ನಲ್ಲಿ ಟನ್ನಿಗೆ 800 ಡಾಲರ್ ಕನಿಷ್ಠ ದರ, ಡಿಸೆಂಬರ್ 8ಕ್ಕೆ ಪೂರ್ತಿ ನಿಷೇಧ. 2024ರ ಮೇನಲ್ಲಿ ನಿಷೇಧ ತೆಗೆದು ಶೇ 40 ಸುಂಕ ಇಟ್ಟರು. ಸೆಪ್ಟೆಂಬರ್‌ನಲ್ಲಿ ಅದನ್ನು ಅರ್ಧಕ್ಕಿಳಿಸಿದರು. ಸುಂಕ ಪೂರ್ತಿ ಹೋದದ್ದು 2025ರ ಏಪ್ರಿಲ್ 1ಕ್ಕೆ. ಇಪ್ಪತ್ತು ತಿಂಗಳಲ್ಲಿ ಆರು ನಿಯಮ. ಒಂದು ಕೈ ಮೇಳಕ್ಕೆ ಕರೆಯುವಾಗ ಇನ್ನೊಂದು ಕೈ ಬಂದರಿನ ಬಾಗಿಲು ಹಾಕುತ್ತದೆ. ಈ ಬಾಗಿಲ ಕೀಲಿ ವಿಟಿಪಿಸಿಯ ಹತ್ತಿರ ಇಲ್ಲ, ಅದನ್ನು ಒಪ್ಪಿಕೊಳ್ಳಬೇಕು. ಆದರೆ ನಿಷೇಧದಿಂದ ಮುರಿದ ಕರಾರಿನ ನಷ್ಟ ರಾಜ್ಯದ ರೈತನಿಗೆ ಎಷ್ಟಾಯಿತು ಎಂದು ಲೆಕ್ಕ ಹಾಕಿ ದಿಲ್ಲಿಯ ಮುಂದಿಡಲು ಇಂಥ ಸಂಸ್ಥೆ ಅಲ್ಲದೆ ಇನ್ನಾರು?

ಇದೇ ಬಗೆಯ ಕೆಲಸಕ್ಕೆ ಹುಟ್ಟಿದ ಜಪಾನಿನ ಜೆಟ್ರೊ ತನ್ನ ದೇಶದ ಪ್ರಾಂತ ಪ್ರಾಂತಗಳಲ್ಲಿ ಕಚೇರಿ ಇಟ್ಟಿದೆ; ಬೆಂಗಳೂರಿಗೂ ಬಂದು ಕುಳಿತಿದೆ. ಹೊರದೇಶಕ್ಕೆ ಮಾಲು ಕಳಿಸಲು ಮೊದಲು ಒಳನಾಡಿಗೆ ಹೋಗಬೇಕೆಂದು ಅವರಿಗೆ ಗೊತ್ತು.

ವಿಟಿಪಿಸಿಯವರಲ್ಲಿ ಒಂದೇ ಕೋರಿಕೆ. ಈ ಭಾಗದ ಮುಂದಿನ ತರಬೇತಿ ಉಳ್ಳಾಗಡ್ಡಿ ಕೀಳುವ ಕಾಲಕ್ಕೆ ಅಮ್ಮಿನಬಾವಿಯ ಹೊಲದಲ್ಲೇ ಆಗಲಿ. ಪರದೆ ಬೇಡ. ಗಡ್ಡಿ ಸೋಸುವ ಅಳತೆಯ ಜರಡಿ ಒಂದು, ಇಪ್ಪತ್ತಿಪ್ಪತ್ತು ಚೀಲ ಕೂಡಿಸಿ ಒಂದು ಲಾರಿ ಮಾಡುವ ವ್ಯಾಪಾರಿ ಒಬ್ಬ, ಇಷ್ಟಿದ್ದರೆ ಸಾಕು.