ಕೆಂಪು ಕುರ್ಚಿಯ ಎದುರಿನಲ್ಲಿ

ದೂರದರ್ಶನದ ನಿರೂಪಣೆಯನ್ನು ವಿಮರ್ಶೆಗೆ ತಕ್ಕ ವಸ್ತುವೆಂದು ನಮ್ಮ ಹಿರಿಯರು ಒಪ್ಪುವುದು ಕಷ್ಟ. ಆದರೂ ಹೊಸೂರು, ಡೆಂಕಣಿಕೋಟೆ, ತಳಿ ಸೀಮೆಯ ಎಷ್ಟೋ ಮನೆಗಳಲ್ಲಿ ಮಕ್ಕಳ ಕಿವಿಗೆ ಬೀಳುವ ತಿದ್ದಿದ ಕನ್ನಡವೆಂದರೆ ನಿರೂಪಕರ ಕನ್ನಡವೇ. 2006ರ ತಮಿಳು ಕಲಿಕಾ ಕಾಯಿದೆಯ ತರುವಾಯ ಶಾಲೆಯಲ್ಲಿ ಕನ್ನಡದ ಪಾಲು ಕುಗ್ಗುತ್ತ ಬಂದಿರುವಾಗ, ಆ ಮಾತಿನ ಗುಣದೋಷಗಳನ್ನು ತೂಗಿ ನೋಡುವುದು ನಮಗೆ ಅನಿವಾರ್ಯ.

ರಮೇಶ್ ಅರವಿಂದ್ ಅವರು ಹುಟ್ಟಿದ್ದು 1964ರಲ್ಲಿ, ತಮಿಳುನಾಡಿನ ಕುಂಭಕೋಣದಲ್ಲಿ, ಮನೆಮಾತು ತಮಿಳು. ಬೆಂಗಳೂರಿನಲ್ಲಿ ಎಂಜಿನಿಯರಿಂಗ್ ಓದಿ, ಕೆ. ಬಾಲಚಂದರ್ ಅವರ ‘ಸುಂದರ ಸ್ವಪ್ನಗಳು’ ಚಿತ್ರದಿಂದ 1986ರಲ್ಲಿ ತೆರೆಗೆ ಬಂದರು. ತಾಳವಾಡಿ ಬಳಿಯ ಗಾಜನೂರಿನ ರಾಜಕುಮಾರರನ್ನು ನೆನೆದು ಹೆಮ್ಮೆಪಡುವ ನಾವು, ಇವರನ್ನೂ ನಮ್ಮ ಕಡೆಯವರೆಂದು ಎಣಿಸಿಕೊಂಡರೆ ಕುಂಭಕೋಣದವರು ಮುನಿಯಲಾರರು. ನಟನೆಯ ವಿಚಾರ ಇಲ್ಲಿ ಬೇಡ. ‘ಪ್ರೀತಿಯಿಂದ ರಮೇಶ್’ನಿಂದ ಮೊದಲ್ಗೊಂಡು ಅವರು ಕಟ್ಟಿಕೊಂಡ ಇನ್ನೊಂದು ಬಾಳು ನಮ್ಮ ವಸ್ತು.

2014ರ ಆಗಸ್ಟಿನಲ್ಲಿ ಜೀ ಕನ್ನಡದಲ್ಲಿ ಆರಂಭವಾದ ‘ವೀಕೆಂಡ್ ವಿತ್ ರಮೇಶ್’ ಅದರ ಶಿಖರ. (ಹೆಸರಿನಲ್ಲಿ ಅಚ್ಚಗನ್ನಡದ ಪದವೊಂದೂ ಇಲ್ಲ, ಅದು ಬೇರೆ ಮಾತು.) ಸಾಧಕರೊಬ್ಬರು ಕೆಂಪು ಕುರ್ಚಿಯಲ್ಲಿ ಕೂರುತ್ತಾರೆ, ಬಾಲ್ಯದ ಚಿತ್ರಗಳು, ಹಳೆಯ ಗುರುಗಳು, ಮರೆತ ಗೆಳೆಯರು ಒಬ್ಬೊಬ್ಬರಾಗಿ ಎದುರಾಗುತ್ತಾರೆ. ಕ್ರಿಕೆಟ್ ವೀಕ್ಷಕ ವಿವರಣೆಗಾರನಿಗೆ ಮಾತು ಸೋತರೂ ಮೈದಾನದಲ್ಲಿ ಚೆಂಡು ಉರುಳುತ್ತಿರುತ್ತದೆ. ಸಂವಾದದ ನಿರೂಪಕನಿಗೆ ಆ ಅನುಕೂಲವಿಲ್ಲ. ಎದುರಿನವರ ಮೌನವನ್ನೂ ಅವನೇ ಹೊರಬೇಕು. ರಮೇಶ್ ಗೆಲ್ಲುವುದು ಇಲ್ಲಿಯೇ. ಅತಿಥಿ ಗದ್ಗದಿತರಾದಾಗ ಅವರು ಸಾಂತ್ವನದ ಮಾತಿಗೆ ಅವಸರಪಡುವುದಿಲ್ಲ. ಪ್ರಶ್ನೆ ಚಿಕ್ಕದು, ವಾಕ್ಯ ಪೂರ್ಣ, ಉಚ್ಚಾರ ಸ್ವಚ್ಛ. ಮೊದಲ ಅತಿಥಿ ಪುನೀತ್ ರಾಜಕುಮಾರ್. 2021ರ ಅಕ್ಟೋಬರ್ 29ರ ನಂತರ ಆ ಸಂಚಿಕೆಯನ್ನು ಮತ್ತೆ ನೋಡಿದವರಿಗೆ ಅದು ಮನರಂಜನೆಯಾಗಿ ಉಳಿದಿಲ್ಲ. ಮನೆಯವರು ಒಟ್ಟಿಗೆ ಕುಳಿತು ತೆಗೆಸಿದ ಭಾವಚಿತ್ರದಂತೆ ಕಾಣುತ್ತದೆ. ಕೇಳಿಸಿಕೊಳ್ಳಲು ಬಲ್ಲ ನಿರೂಪಕ ಇಲ್ಲದಿದ್ದರೆ ಆ ನಗು ಅಷ್ಟು ಸಲೀಸಾಗಿ ನಮಗೆ ದಕ್ಕುತ್ತಿರಲಿಲ್ಲ.

ಆದರೆ ನಮ್ಮ ತಕರಾರುಗಳೂ ಇವೆ. ಪ್ರತಿಯೊಂದು ಬದುಕೂ ಇಲ್ಲಿ ಬಡತನ ಅಥವಾ ಸೋಲಿನಿಂದ ಹೊರಟು ಚಪ್ಪಾಳೆಗೆ ಬಂದು ಮುಟ್ಟಲೇಬೇಕು. ಸಾಧಕರು ಮಾಡಿದ ತಪ್ಪುಗಳು, ಮುರಿದ ಸ್ನೇಹಗಳು, ಉತ್ತರಿಸಬೇಕಾಗಿದ್ದ ಪ್ರಶ್ನೆಗಳು ವೇದಿಕೆಯ ಬೆಳಕಿಗೆ ಬರುವುದು ವಿರಳ. ನಿರೂಪಕರ ಸೌಜನ್ಯ ಕೆಲವೊಮ್ಮೆ ಅತಿಥಿಗೆ ಕವಚವಾಗುತ್ತದೆ. ಸ್ಫೂರ್ತಿಯ ನುಡಿಗಳಲ್ಲಿ ರಮೇಶರಿಗಿರುವ ಒಲವು ಇದಕ್ಕೆ ಇಂಬು ಕೊಡುತ್ತದೆ. ಕಥೆ ತಾನೇ ಹೇಳಿದ್ದನ್ನು ಅವರು ಇನ್ನೊಮ್ಮೆ ಪಾಠವಾಗಿ ಹೇಳುವಾಗ ನಾವು ತುಸು ಚಡಪಡಿಸುತ್ತೇವೆ. ವೀರೇಂದ್ರ ಹೆಗ್ಗಡೆ, ಸುಧಾಮೂರ್ತಿ, ಹೃದ್ರೋಗ ತಜ್ಞ ಸಿ. ಎನ್. ಮಂಜುನಾಥ್ ಅವರಂಥವರು ಬಂದದ್ದುಂಟಾದರೂ ಕುರ್ಚಿಯ ದೊಡ್ಡ ಪಾಲು ಚಿತ್ರರಂಗದ್ದೇ.

2023ರ ಐದನೆಯ ಆವೃತ್ತಿಯ ಮೊದಲ ಅತಿಥಿ ರಮ್ಯಾ ಅವರ ಮಾತಿನಲ್ಲಿ ಇಂಗ್ಲಿಷ್ ಹೆಚ್ಚಾಯಿತೆಂದು ಪ್ರೇಕ್ಷಕರು ಆಕ್ಷೇಪಿಸಿದರು. ಅತಿಥಿ ತನಗೆ ಒಗ್ಗಿದ ಭಾಷೆಯಲ್ಲಿ ಮಾತಾಡಿದರೆ ನಾವು ಕಲ್ಲೆಸೆಯುವುದಿಲ್ಲ. ಆದರೆ ತಮಿಳು ಮನೆಮಾತಿನಿಂದ ಬಂದು ಇಷ್ಟು ಸೊಗಸಾದ ಕನ್ನಡವನ್ನು ದಕ್ಕಿಸಿಕೊಂಡ ನಿರೂಪಕರೇ ಎದುರಿಗಿದ್ದರು. ಆ ಮಾತುಗಳನ್ನು ಅವರು ಇನ್ನಷ್ಟು ಬಾರಿ ಕನ್ನಡಕ್ಕೆ ಹೊರಳಿಸಿದ್ದರೆ, ಇಂಗ್ಲಿಷ್ ಬಾರದ ನಮ್ಮ ಅಜ್ಜಿಯರು ಪಕ್ಕದ ಮೊಮ್ಮಗನನ್ನು ಅರ್ಥ ಕೇಳಬೇಕಾಗಿರಲಿಲ್ಲ. ಮೊಮ್ಮಗನಾದರೋ ಅಜ್ಜಿಗೆ ತಮಿಳಿನಲ್ಲಿ ಉತ್ತರಿಸುತ್ತಿದ್ದ.