ಕಣ್ಣಾರೆ ಕಂಡವರ ಸುಳ್ಳು

ಕಣ್ಣಾರೆ ಕಂಡೆ ಎಂದವರ ಮಾತನ್ನು ನಾವು ಬೇಗ ನಂಬಿಬಿಡುತ್ತೇವೆ. ಎರೋಲ್ ಮಾರಿಸ್ ಅವರ ‘ದಿ ಥಿನ್ ಬ್ಲೂ ಲೈನ್’ (1988) ಸಾಕ್ಷ್ಯಚಿತ್ರ ಈ ನಂಬಿಕೆಯನ್ನೇ ಕಟಕಟೆಯಲ್ಲಿ ನಿಲ್ಲಿಸುತ್ತದೆ.

1976ರಲ್ಲಿ ಅಮೆರಿಕದ ಡಲ್ಲಾಸ್‌ನಲ್ಲಿ ಪೊಲೀಸನೊಬ್ಬನ ಕೊಲೆಯಾಯಿತು. 16 ವರ್ಷದ ಡೇವಿಡ್ ಹ್ಯಾರಿಸ್‌ನ ಹೇಳಿಕೆ ಮತ್ತು ದಾರಿಹೋಕರ ಸಾಕ್ಷ್ಯದ ಮೇಲೆ ರಾಂಡಲ್ ಆಡಮ್ಸ್‌ಗೆ ಮರಣದಂಡನೆಯಾಯಿತು. 1979ರಲ್ಲಿ ಮೂರೇ ದಿನ ಉಳಿದಿದ್ದಾಗ ಶಿಕ್ಷೆಗೆ ತಡೆ ಬಿತ್ತು. ಬಳಿಕ ಅದು ಜೀವಾವಧಿಯಾಯಿತು.

ಚಿತ್ರಕ್ಕೆ ನಿರೂಪಕನಿಲ್ಲ. ಪೊಲೀಸರು, ವಕೀಲರು, ಸಾಕ್ಷಿಗಳು ಕುಳಿತು ಮಾತಾಡುತ್ತಾರೆ, ಅಷ್ಟೆ. ಒಬ್ಬೊಬ್ಬರ ಮಾತಿಗೂ ಅದೇ ರಾತ್ರಿ ಬೇರೆ ರೀತಿಯಲ್ಲಿ ಮರುಸೃಷ್ಟಿಯಾಗುತ್ತದೆ. ಈ ದೃಶ್ಯಗಳು ನಡೆದದ್ದನ್ನಲ್ಲ, ಹೇಳಿದ್ದನ್ನು ತೋರಿಸುತ್ತವೆ. ಇದನ್ನು ಅನುಕರಿಸಿದ ಎಷ್ಟೋ ಅಪರಾಧ ಕಾರ್ಯಕ್ರಮಗಳು ಈ ವ್ಯತ್ಯಾಸವನ್ನು ಮರೆತು ರೋಮಾಂಚನವನ್ನಷ್ಟೇ ಉಳಿಸಿಕೊಂಡವು.

ಕೊನೆಯಲ್ಲಿ ಪರದೆಯ ಮೇಲೆ ಒಂದು ಟೇಪ್‌ರೆಕಾರ್ಡರ್ ಮಾತ್ರ. ಆಡಮ್ಸ್ ನಿರಪರಾಧಿ ಎಂದು ಹ್ಯಾರಿಸ್‌ನ ದನಿ ಹೇಳುತ್ತದೆ. ಮುಖಗಳು ಮರೆಮಾಚಿದ್ದನ್ನು ಮುಖವಿಲ್ಲದ ದನಿ ಹೇಳಿತು.

ಒಂದು ಕೊರತೆಯಿದೆ. ಕೊಲೆಯಾದವನ ಮನೆಯವರ ಅಳಲಿಗೆ ಇಲ್ಲಿ ಜಾಗವಿಲ್ಲ. ನಿರಪರಾಧಿಯನ್ನು ಜೈಲಿಗಟ್ಟಿದ್ದು ಅವರಿಗೂ ಬಗೆದ ಅನ್ಯಾಯವಲ್ಲವೇ?

1989ರಲ್ಲಿ ಆಡಮ್ಸ್ ಬಿಡುಗಡೆಯಾದರು. ಹೊರಬಂದವರೇ ತಮ್ಮ ಬದುಕಿನ ಕತೆಯ ಹಕ್ಕಿಗಾಗಿ ಮಾರಿಸ್ ವಿರುದ್ಧವೇ ಕೋರ್ಟಿಗೆ ಹೋದರು. ವ್ಯಾಜ್ಯ ರಾಜಿಯಲ್ಲಿ ಮುಗಿದು ಹಕ್ಕು ಅವರಿಗೆ ಮರಳಿತು. ಇದನ್ನು ಕೃತಘ್ನತೆ ಎನ್ನುವುದು ಸುಲಭ. ಆದರೆ ಬೇರೆಯವರ ಮಾತಿನಿಂದ ಹನ್ನೆರಡು ವರ್ಷ ಕಳೆದುಕೊಂಡವನು ತನ್ನ ಮಾತಾದರೂ ತನ್ನದಾಗಿರಲಿ ಎಂದರೆ ತಪ್ಪೇನು?

ಸಾಕ್ಷ್ಯ ಒಂದು ಅಮಾನತ್ತು. ನುಡಿದವನಿಗೆ ಹೇಗೋ, ಅದನ್ನು ಚಿತ್ರೀಕರಿಸಿದವನಿಗೂ, ನೋಡುವ ನಮಗೂ ಹಾಗೆಯೇ.