ಕಾರ್ತಿಕನ ಕಥೆ

ವಸುಧೇಂದ್ರರ ‘ಮೋಹನಸ್ವಾಮಿ’ ಸಂಕಲನ 2013ರಲ್ಲಿ ಬಂತು. ಗಂಡನ್ನು ಪ್ರೀತಿಸುವ ಗಂಡಿನ ಸಂಕಟವನ್ನು ಗೇಲಿಯಿಲ್ಲದೆ, ಮುಚ್ಚುಮರೆಯಿಲ್ಲದೆ ಹೇಳಿದ ಕಥೆಗಳವು. ನಾವು ಅದನ್ನು ಎರಡು ಸಲ ಓದಿದ್ದೆವು. ಆದರೂ ಒಂದು ವಿಷಯ ನಮ್ಮ ಕಣ್ಣಿಗೆ ಬಿದ್ದಿರಲಿಲ್ಲ. ಅದನ್ನು ತೋರಿಸಿದವನು ಮಂಡ್ಯದಲ್ಲಿ ಓದುತ್ತಿರುವ ಮಳವಳ್ಳಿ ಕಡೆಯ ಒಬ್ಬ ಹುಡುಗ. ನಮ್ಮಿಂದ ಒಯ್ದ ಪುಸ್ತಕವನ್ನು ಮದ್ದೂರಿನ ಮನೆಗೆ ತಂದುಕೊಟ್ಟು, ಚಹಾ ಆರುವವರೆಗೆ ಸುಮ್ಮನಿದ್ದು, “ಸರ್, ಕಾರ್ತಿಕನ ಕಥೆ ಯಾರೂ ಬರೆದಿಲ್ವಾ?” ಎಂದ.

ಕಾರ್ತಿಕ ಮೋಹನಸ್ವಾಮಿಯ ಬಹುಕಾಲದ ಸಂಗಾತಿ. ಅವನನ್ನು ಬಿಟ್ಟು ಹೆಣ್ಣನ್ನು ಮದುವೆಯಾಗಲು ಹೊರಡುತ್ತಾನೆ. ನಮ್ಮ ಕರುಣೆಯೆಲ್ಲ ಮೋಹನಸ್ವಾಮಿಯ ಪಾಲಾಗುತ್ತದೆ. ಕಥೆ ಅವನದು, ಅದು ಸಹಜವೇ. ಆದರೆ ಗಂಡು, ಹೆಣ್ಣು ಇಬ್ಬರತ್ತಲೂ ನಿಜವಾಗಿ ಮನಸ್ಸು ಹೋಗುವ ಹುಡುಗ ಓದಿದಾಗ ಅವನಿಗೆ ಸಿಗುವುದು ಬಿಟ್ಟುಹೋದವನ ಪಾತ್ರವೊಂದೇ.

ಅವನಿಗೆ ಕನ್ನಡದಲ್ಲಿ ಸರಿಯಾದ ಹೆಸರೂ ಇಲ್ಲ. ‘ದ್ವಿಲಿಂಗಿ’ ಎಂಬ ಪದವನ್ನು ಹತ್ತನೆಯ ತರಗತಿಯಲ್ಲಿ ದಾಸವಾಳ ಹೂವಿಗೆ ಓದಿರುತ್ತಾನೆ. ತನ್ನನ್ನು ಹಾಗೆ ಕರೆದುಕೊಂಡರೆ ದೇಹದಲ್ಲೇ ಏನೋ ಏರುಪೇರಿದೆಯೆಂದು ಕೇಳುವವರು ತಿಳಿಯುತ್ತಾರೆ.

ಉರ್ದುವಿನಲ್ಲೂ ಹೆಚ್ಚೇನಿಲ್ಲ. ಇಸ್ಮತ್ ಚುಗ್ತಾಯಿಯವರ ‘ಲಿಹಾಫ್’ 1942ರಲ್ಲೇ ಬಂದು, ಅಶ್ಲೀಲವೆಂಬ ಆರೋಪಕ್ಕೆ ಲಾಹೋರಿನ ನ್ಯಾಯಾಲಯದ ಮೆಟ್ಟಿಲು ಹತ್ತಿಸಿತು. ಆರೋಪ ನಿಲ್ಲಲಿಲ್ಲ. ಆದರೆ ಗಂಡ ತಿರುಗಿ ನೋಡದ್ದರಿಂದ ಬೇಗಂ ಜಾನ್ ಸೇವಕಿಯ ಕಡೆ ವಾಲಿದಳೆಂದೇ ನಾವೆಲ್ಲ ಓದಿಕೊಂಡೆವು. ಅವಳ ಒಲವು ಕೊರತೆಯ ಫಲ ಮಾತ್ರವೇ? ಹೀಗೆ ಕೇಳಿಕೊಳ್ಳಲು ನಮಗೆ ಇಷ್ಟು ವರ್ಷ ಬೇಕಾಯಿತು. ನಮ್ಮದೇ ಹಳೆಯ ಕಥೆಯೊಂದರಲ್ಲಿ ಇಂಥ ಗಂಡನೊಬ್ಬನನ್ನು ಕೊನೆಯ ಪುಟದಲ್ಲಿ ಊರು ಬಿಡಿಸಿ ನ್ಯಾಯ ಮಾಡಿದೆವೆಂದು ಬೀಗಿದ್ದೆವು.

ಹುಡುಗನ ಪಾಡು ನೋಡಿ. ಮನೆಯಲ್ಲಿ, “ನಿಕಾಹ್ ಆದರೆ ಸರಿಹೋಗ್ತಾನೆ.” ಗೆಳೆಯರಲ್ಲಿ, “ಯಾವುದಾದ್ರೂ ಒಂದು ಕಡೆ ನಿಲ್ಲು.” ಇಬ್ಬರತ್ತ ಮನಸ್ಸು ಹೋಗುವುದು ಬೇರೆ, ಇಬ್ಬರಿಗೂ ಮೋಸ ಮಾಡುವುದು ಬೇರೆ ಎಂದು ಯಾರೂ ಹೇಳುವುದಿಲ್ಲ. ಬಾಯಿಮುಚ್ಚಿಸಿ ಕಟ್ಟಿದ ಮದುವೆಯಲ್ಲಿ ಏನೂ ತಿಳಿಯದೆ ಬರುವ ಹೆಣ್ಣುಮಗಳ ಗತಿಯನ್ನೂ ಕೇಳುವುದಿಲ್ಲ. 2018ರ ಸೆಪ್ಟೆಂಬರ್ 6ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ವಯಸ್ಕರ ಸಮ್ಮತಿಯ ಸಂಬಂಧ ಅಪರಾಧವಲ್ಲ. 2017ರ ಮಾನಸಿಕ ಆರೋಗ್ಯ ಕಾಯ್ದೆ, ಒಲವಿನ ಕಾರಣಕ್ಕೆ ಚಿಕಿತ್ಸೆಯಲ್ಲಿ ಭೇದ ಕೂಡದೆನ್ನುತ್ತದೆ. ಬೆಂಗಳೂರಿನಲ್ಲಿ 1999ರಲ್ಲಿ ‘ಸಂಗಮ’ ಹುಟ್ಟಿತು. ಮಳವಳ್ಳಿಯ ಹುಡುಗ ಮನೆಗೆ ಸುಳ್ಳು ಹೇಳದೆ ಅಲ್ಲಿಗೆ ಹೋಗುವುದೆಂತು? ಟೆಲಿಮಾನಸ್‌ನ 14416ಕ್ಕೆ ಊರಿನಿಂದಲೇ ಕನ್ನಡದಲ್ಲಿ ಮಾತಾಡಬಹುದು, ಖರ್ಚಿಲ್ಲ.

ಧರ್ಮ ಒಪ್ಪುವುದಿಲ್ಲವೆನ್ನುವ ಓದುಗರು ನಮ್ಮಲ್ಲಿ ಬಹಳ. ಆ ಚರ್ಚೆ ನಡೆಯಲಿ. ಆದರೆ ಮಗನ ಮಾತು ಕೇಳಿಸಿಕೊಳ್ಳಲು ಯಾರ ಫತ್ವಾವೂ ಬೇಕಿಲ್ಲ.

ಕಾರ್ತಿಕನ ಕಥೆಯನ್ನು ನೀನೇ ಬರೆ ಎಂದೆವು ಹುಡುಗನಿಗೆ.

“ಹೆಸರು ಹಾಕಲೇಬೇಕಾ ಸರ್?”

ಬೇಡ ಎಂದೆವು.